ನಲವತ್ತು ಬಗೆಯ ಬಿಳಿ

ಅಕ್ಟೋಬರ್ 9, 1978, ಸೋಮವಾರ

ಇವತ್ತು ಶೂಟಿಂಗ್ ಶುರುವಾಯಿತು. ಮೊದಲ ದಿನವೇ ಕೂಗಾಡಬೇಕಾಯಿತು.

ಚಿತ್ರದ ಕಥೆ ನಡೆಯುವುದು ಯುದ್ಧಕಾಲದ ಒಂದು ಮಠದಲ್ಲಿ, ಅದರೊಳಗೊಂದು ಆಸ್ಪತ್ರೆ. ಬಿಳಿ ಗೋಡೆ, ಬಿಳಿ ಮಂಚ, ಬಿಳಿ ಉಡುಪಿನ ಸನ್ಯಾಸಿನಿಯರು. ನಿರ್ದೇಶಕ ಮಾನ್ಲಿಯೋ ನನ್ನನ್ನು ಹುಡುಕಿಕೊಂಡು ಬಂದದ್ದೇ ಅದಕ್ಕೆ. "ಬಿಳಿ ಅಂದ್ರೆ ನೀವೇ ಮೇಷ್ಟ್ರೇ, ರೋಮ್‌ನಲ್ಲಿ ಇನ್ಯಾರಿದಾರೆ?" ಎಂದಿದ್ದ. ಇವತ್ತು ಸೆಟ್ಟಿಗೆ ಹೋಗಿ ನೋಡಿದರೆ ಗೋಡೆಗೆ ಬಳಿದಿದ್ದದ್ದು ಬಿಳಿಯೇ ಅಲ್ಲ, ಸಿಗರೇಟು ಸೇದುವ ಮುದುಕನ ಹಲ್ಲಿನ ಬಣ್ಣ.

"ಇದನ್ನ ಯಾವ ಕುರುಡ ಬಳಿದ?" ಎಂದೆ.

ಫ್ಯೂರಿಯೊ ಕ್ಯಾಮೆರಾದಿಂದ ಕಣ್ಣು ತೆಗೆಯಲಿಲ್ಲ. ಇಪ್ಪತ್ತೆರಡು ವರ್ಷದಿಂದ ನಾನು ಬೆಳಕು ಮಾಡುತ್ತೇನೆ, ಅವನು ಕ್ಯಾಮೆರಾ ಹಿಡಿಯುತ್ತಾನೆ. ಅಪ್ಪಟ ರೋಮ್‌ನವನು, ಬಾಯಿಗೆ ಬೀಗವಿಲ್ಲ. "ಇನ್ನೊಂದ್ಸಲ ಬಳಿಸೋಣ ಬಿಡಿ ಮೇಷ್ಟ್ರೇ. ಸುಣ್ಣಕ್ಕೇನು ಬರ ಬಂದಿದೆಯಾ?" ಎಂದ.

ಮತ್ತೆ ಬಳಿಸಿದೆ. ಮತ್ತೆ ಅದೇ ಹಲ್ಲು. ಮೂರನೇ ಸಲ ಬಳಿಸಿದೆ. ನಾಲ್ಕನೇ ಸಲಕ್ಕೆ, ಸಹಿಸಬಹುದು ಎನ್ನುವಂತಾಯಿತು. ಕೂಗಾಡದೆ ಈ ಊರಲ್ಲಿ ಒಂದು ಕೆಲಸವೂ ಆಗುವುದಿಲ್ಲ.

ಮಧ್ಯಾಹ್ನದ ಊಟದ ಪೊಟ್ಟಣದಲ್ಲಿ ತಣ್ಣಗೆ ಮುದ್ದೆಗಟ್ಟಿದ ಪಾಸ್ತಾ, ಜೊತೆಗೆ ಹಳದಿಗಟ್ಟಿದ ಮೊಝರೆಲ್ಲಾ ಚೀಸ್. ತಿನ್ನದೆ ಎಸೆದೆ. ಉಳಿದವರೆಲ್ಲ ಅದನ್ನೇ ಚಪ್ಪರಿಸಿಕೊಂಡು ತಿಂದರು. ಈಗಿನವರ ನಾಲಿಗೆಯೂ ಸತ್ತಿದೆ.

ಅಕ್ಟೋಬರ್ 12, ಗುರುವಾರ

ನನ್ನ ಪದ್ಧತಿ ಇಡೀ ಉದ್ಯಮಕ್ಕೆ ಗೊತ್ತು. ಬೆಳಿಗ್ಗೆ ಏಳಕ್ಕೆ ಲ್ಯಾಬಿನಿಂದ ಇಯೋಲೆ ಫೋನ್ ಮಾಡುತ್ತಾಳೆ. ನಾನು ತೆಗೆದದ್ದಕ್ಕೆ ಅವಳು ಬಣ್ಣ ಹೊಂದಿಸಿ ಪ್ರಿಂಟ್ ಹಾಕುತ್ತಾಳೆ. ಕೆಂಪೆಷ್ಟು, ಹಸಿರೆಷ್ಟು, ನೀಲಿಯೆಷ್ಟು ಎಂದು ಮೂರು ಅಂಕಿ ಹೇಳಿ ಫೋನ್ ಇಡುತ್ತಾಳೆ. ಹತ್ತೊಂಬತ್ತು ವರ್ಷದಲ್ಲಿ ಆ ಮೂರು ಅಂಕಿಯ ಮೇಲೆ ನಾಲ್ಕನೇ ಮಾತು ಆಡಿದವಳಲ್ಲ. ಎಂಟಕ್ಕೆ ನಾನು ಲ್ಯಾಬಿಗೆ ಹೋಗಿ ಹಿಂದಿನ ದಿನ ತೆಗೆದದ್ದರ ಮೊದಲ ಪ್ರಿಂಟು, ಅಂದರೆ ರಶಸ್, ಒಬ್ಬನೇ ಕೂತು ನೋಡುತ್ತೇನೆ. ಪಕ್ಕದಲ್ಲಿ ಒಂದು ನೊಣವೂ ಇರಕೂಡದು. ನಿರ್ದೇಶಕ ಸಂಜೆ ಬಂದು ನೋಡಿಕೊಳ್ಳಲಿ.

ಇವತ್ತು ನೋಡಿದೆ. ಹಳದಿ! ಸನ್ಯಾಸಿನಿಯರನ್ನೆಲ್ಲ ಚಹದ ನೀರಲ್ಲಿ ಅದ್ದಿ ತೆಗೆದ ಹಾಗಿತ್ತು.

"ಏನಮ್ಮಾ ಇದು? ಇಡೀ ಮಠಕ್ಕೆ ಕಾಮಾಲೆ ಬಂದಿದೆಯಾ?"

"ನಂಗೆ ಸರಿಯಾಗೇ ಕಾಣ್ತಿದೆ, ಎರ್ಮೆಸ್ ಅವ್ರೇ."

"ಹಾಗಾದ್ರೆ ಹೋಗಿ ಕನ್ನಡಕ ಬದಲಾಯಿಸ್ಕೊ."

ಅವಳು ಕನ್ನಡಕ ತೆಗೆದು ಕೋಟಿನ ತುದಿಯಲ್ಲಿ ನಿಧಾನವಾಗಿ ಒರೆಸಿದಳು. ಬಹಳ ಹೊತ್ತು ನನ್ನ ಮುಖವನ್ನೇ ನೋಡಿದಳು. ಆಮೇಲೆ, "ನೀಲಿ ಜಾಸ್ತಿ ಮಾಡ್ತೀನಿ. ಎಷ್ಟು ಬೇಕು ಹೇಳಿ" ಎಂದಳು.

ಎಷ್ಟು ಬೇಕೆಂದು ನಾನು ಹೇಳಿಕೊಡಬೇಕಂತೆ! ಪಿಂಚಣಿಗೆ ಇನ್ನು ಮೂರು ವರ್ಷವಿದೆ, ಅಲ್ಲಿಯವರೆಗೆ ಕುರ್ಚಿ ಬೆಚ್ಚಗಿಟ್ಟುಕೊಳ್ಳುವ ಹುನ್ನಾರ.

ಅಕ್ಟೋಬರ್ 19, ಗುರುವಾರ

ದೀನಾ ಜೊತೆ ಜಗಳವಾಡಿದೆ. ಕಾರಣ ಹೊದಿಕೆಗಳು.

ಮದುವೆಯಾದಾಗ ಇವಳು ತವರಿಂದ ಸೆಣಬಿನ ನೂಲಿನ ಹನ್ನೆರಡು ಬಿಳಿ ಹೊದಿಕೆ ತಂದಿದ್ದಳು. ಅವಳಮ್ಮ ನೇಯಿಸಿದ್ದು. ನನ್ನ ಮೊದಲ ಸ್ವತಂತ್ರ ಚಿತ್ರದಲ್ಲಿ ದೀಪಕ್ಕೂ ನಟಿಯ ಮುಖಕ್ಕೂ ನಡುವೆ ಅದರಲ್ಲೊಂದನ್ನು ಕಟ್ಟಿದೆ. ಬೆಳಕು ನಮ್ಮೂರ ಮಂಜಿನೊಳಗಿಂದ ಬಂದಂತೆ ಬಂತು. ಅಂದಿನಿಂದ ಇಂದಿನವರೆಗೆ ಬೇರೆ ಬಟ್ಟೆ ಕಟ್ಟಿದವನಲ್ಲ. ಕೊಳೆಯಾದಾಗ ಅವು ಮನೆಗೆ ಬರುತ್ತವೆ, ಇವಳು ಒಗೆಯುತ್ತಾಳೆ, ಕೆಲವು ಮತ್ತೆ ಸೆಟ್ಟಿಗೆ ಹೋಗುತ್ತವೆ, ಉಳಿದವು ನಮ್ಮ ಮಂಚಕ್ಕೆ.

"ಇದನ್ನ ಒಗೆದಿದೀಯಾ?"

"ಮೂರ್ಸಲ."

"ಯಾವ್ದರಲ್ಲಿ, ಮೂತ್ರದಲ್ಲಾ?"

ಅನ್ನಬಾರದಿತ್ತು. ಆದರೆ ಹೊದಿಕೆಯ ಬಣ್ಣ ಅದೇ ಆಗಿತ್ತು.

ದೀನಾ ಸೊಂಟದ ಮೇಲೆ ಕೈಯಿಟ್ಟು ನಿಂತಳು. "ಮೂವತ್ತೊಂದು ವರ್ಷದಿಂದ ನಿನ್ನ ಕಲೆಯ ಕೊಳೆ ನಾನೇ ತೊಳೀತಿದೀನಿ ಎರ್ಮೆಸ್. ಪ್ರಶಸ್ತಿ ಕೊಟ್ಟೋರು ಯಾರಾದ್ರೂ ಒಂದಿನ ಬಂದು ಒಂದು ತುದಿ ಹಿಂಡಿದಾರಾ?"

"ಬ್ಲೀಚ್ ಹಾಕು. ನೀಲಿ ಹಾಕು. ಏನಾದ್ರೂ ಹಾಕು, ನಂಗೆ ಬಿಳಿ ಬೇಕು."

ಅಕ್ಟೋಬರ್ 22, ಭಾನುವಾರ

ಹಾಲು ಕೆಟ್ಟಿತ್ತು. ಬಣ್ಣ ನೋಡಿಯೇ ಹೇಳಿದೆ. ದೀನಾ ನನ್ನೆದುರೇ ಇಡೀ ಲೋಟ ಕುಡಿದು ಬಾಯಿ ಒರೆಸಿಕೊಂಡಳು. ಹಟ.

ಅಕ್ಟೋಬರ್ 27, ಶುಕ್ರವಾರ

ಪತ್ರಿಕೆಯವನೊಬ್ಬ ಸೆಟ್ಟಿಗೆ ಬಂದಿದ್ದ. ನನ್ನ ಬದುಕು ಮತ್ತು ಶೈಲಿಯ ಬಗ್ಗೆ ನಾಲ್ಕು ಪುಟ ಬರೆಯುತ್ತಾನಂತೆ. ಬೆರಳಿಗೆಲ್ಲ ಎಣ್ಣೆ, ಅದೇ ಬೆರಳಲ್ಲಿ ನನ್ನ ಮಸೂರ ಮುಟ್ಟಲು ಬಂದ.

"ನಿಮ್ಮ ಶೈಲಿನ ಒಂದೇ ಮಾತಲ್ಲಿ ಹೇಳಿ ಮೇಷ್ಟ್ರೇ."

ಒಂದೇ ಮಾತಲ್ಲಿ! ನಾನು ಕೊಮಾಕ್ಕಿಯೊ ಊರಿನ ಹಿನ್ನೀರಲ್ಲಿ ಹಾವುಮೀನು ಹಿಡಿಯುವವನ ಮಗ. ವರ್ಷದಲ್ಲಿ ಐದು ತಿಂಗಳು ಅಲ್ಲಿ ಮಂಜು ಬಿಟ್ಟರೆ ಬೇರೇನಿಲ್ಲ. ನೀರಿನ ಮೇಲಿನ ಮಂಜು ಬೇರೆ, ಹುಲ್ಲಿನ ಮೇಲಿನದು ಬೇರೆ, ಮಳೆ ಬರುವ ಮುಂಚಿನದು ಬೇರೆ. ದೋಣಿ ಎಲ್ಲಿದೆ ಎಂದು ಅಪ್ಪ ಮಂಜಿನ ಬಣ್ಣ ನೋಡಿ ಹೇಳುತ್ತಿದ್ದ. ಯುದ್ಧ ಮುಗಿದ ಮೇಲೆ ರೋಮ್‌ಗೆ ಬಂದೆ. ಬ್ಯಾಟರಿ ಹೊತ್ತೆ, ವಾರ್ತಾಚಿತ್ರ ತೆಗೆದೆ, ಎಣ್ಣೆ ಹಚ್ಚಿದ ಪೈಲ್ವಾನರು ರಟ್ಟಿನ ಬಂಡೆ ಎತ್ತುವ ಪೌರಾಣಿಕಗಳಿಗೆ ಹತ್ತು ವರ್ಷ ದೀಪ ಹಿಡಿದೆ. ಆಗಿನವರೆಲ್ಲ ದೃಶ್ಯಕ್ಕೆ ಮೂವತ್ತು ದೀಪ ಉರಿಸುತ್ತಿದ್ದರು, ನಟಿಯ ಮೂಗಿಗೆ ಮೂರು ನೆರಳು ಬೀಳುತ್ತಿತ್ತು. ನಾನು ಒಂದೇ ದೀಪ ಇಟ್ಟೆ, ಒಂದೇ ಕಡೆಯಿಂದ, ಬಟ್ಟೆಯ ಹಿಂದಿನಿಂದ. ಬಿಳಿ ಗೋಡೆಯ ಮುಂದೆ ಬಿಳಿ ಬಟ್ಟೆಯವಳನ್ನು ನಿಲ್ಲಿಸಿ, ಅವಳ ಕೈಯಲ್ಲೊಂದು ಹಾಲಿನ ಲೋಟ ಕೊಟ್ಟು, ಮೂರನ್ನೂ ಬೇರೆ ಬೇರೆಯಾಗಿ ತೋರಿಸಿದೆ. 'ನಲವತ್ತು ಬಗೆಯ ಬಿಳಿ ಬಲ್ಲವನು' ಎಂದು ಆಗ ಬರೆದರು. ಅದು ನನ್ನ ಹೆಸರಿಗೇ ಅಂಟಿಕೊಂಡಿತು.

ಇವಿಷ್ಟನ್ನೂ ಅವನಿಗೆ ಹೇಳಿದೆ. ಅವನು ಬರೆದುಕೊಂಡದ್ದು 'ಮಂಜು' ಅಂತ. ಅಸಹ್ಯವಾಯಿತು.

ನವೆಂಬರ್ 8, ಬುಧವಾರ

ಅಂತೂ ಬಿಳಿ ಬಂತು! ನಾಲ್ಕು ವಾರದಿಂದ ದಿನದಿನವೂ ಹಿಂದಕ್ಕೆ ಕಳಿಸಿ, ಇನ್ನೂ ನೀಲಿ, ಇನ್ನೂ ನೀಲಿ ಎಂದು ಬೆನ್ನು ಹತ್ತಿದ್ದಕ್ಕೆ ಇವತ್ತು ಇಯೋಲೆಯ ಪ್ರಿಂಟಿನಲ್ಲಿ ನನ್ನ ಸನ್ಯಾಸಿನಿಯರು ಹಿಮದ ಹಾಗೆ ಎದ್ದು ನಿಂತರು. ರೀಲನ್ನು ಇನ್ನೊಮ್ಮೆ ಹಾಕಿಸಿ ನೋಡಿದೆ. ಅವಳಿಗೆ ಮಾತ್ರ ಏನೂ ಹೇಳಲಿಲ್ಲ. ಇವತ್ತು ಬಂದದ್ದು ಮೊದಲ ದಿನವೇ ಬರಬಹುದಿತ್ತು.

ಮನೆಯಲ್ಲಿ ಹೊದಿಕೆಗಳೂ ಈಗ ಬೆಳ್ಳಗಾಗಿವೆ. ಗದರಿಸಿದ್ದು ಎರಡೂ ಕಡೆ ಕೆಲಸ ಮಾಡಿದೆ.

ನವೆಂಬರ್ 14, ಮಂಗಳವಾರ

ಮಾನ್ಲಿಯೋ ಒಬ್ಬ ಮೂರ್ಖ. ನಿನ್ನೆ ಸಂಜೆ ರಶಸ್ ನೋಡಿ ಬಂದವನು ನನ್ನ ಕೈ ಹಿಡಿದುಕೊಂಡು, "ಎಂಥಾ ಬೆಚ್ಚಗಿನ ಬೆಳಕು ಮೇಷ್ಟ್ರೇ! ಈಗಷ್ಟೇ ಬೇಕರಿಯಿಂದ ತಂದ ಬ್ರೆಡ್ಡಿನ ಹಾಗಿದೆ!" ಎಂದ.

ನಾನು ಹಿಮ ಕೊಟ್ಟರೆ ಇವನು ಬ್ರೆಡ್ ತಿನ್ನುತ್ತಿದ್ದಾನೆ. ಇಂಥವರ ಕೈಗೆ ಸಿನಿಮಾ ಹೋಯಿತಲ್ಲ. ಫ್ಯೂರಿಯೊ ಪಕ್ಕದಲ್ಲೇ ನಿಂತಿದ್ದ, ಏನೋ ತಮಾಷೆ ಮಾಡುತ್ತಾನೆಂದು ಕಾದೆ. ಅವನು ಬೂಟಿನ ದಾರ ಕಟ್ಟಿಕೊಳ್ಳುತ್ತಿದ್ದ.

ನವೆಂಬರ್ 17, ಶುಕ್ರವಾರ

ಹದಿನೇಳನೇ ತಾರೀಕು, ಅದೂ ಶುಕ್ರವಾರ, ನಮ್ಮ ಜನಕ್ಕೆ ಮಹಾ ಅಪಶಕುನ. ಕ್ಯಾಮೆರಾ ಮುಟ್ಟಲು ಒಬ್ಬನೂ ಒಪ್ಪಲಿಲ್ಲ. ಮೇಕಪ್ಪಿನವಳು ಮನೆಯ ಬಾಗಿಲೇ ತೆರೆಯುವುದಿಲ್ಲ ಎಂದಳಂತೆ. ಇಡೀ ಘಟಕಕ್ಕೆ ರಜೆ. ಕೆಲಸವಿಲ್ಲದ ಮಾನ್ಲಿಯೋ ಬೆಳಿಗ್ಗೆ ಎಂಟಕ್ಕೆ ಲ್ಯಾಬಿಗೆ ಬಂದುಬಿಟ್ಟ, ನನ್ನ ರಶಸ್‌ಗೆ. ಹೊರಗೆ ಹಾಕಲು ನೋಡಿದೆ. "ಇವತ್ತೊಂದಿನ ಮೇಷ್ಟ್ರೇ, ಒಟ್ಟಿಗೆ ನೋಡೋಣ" ಎಂದು ಕೂತೇಬಿಟ್ಟ.

ಇಯೋಲೆ ಬಾಗಿಲಲ್ಲಿ ನಿಂತಿದ್ದಳು. ಅವನನ್ನು ನೋಡಿ ಮುಖ ಬಿಳಿಚಿಕೊಂಡಿತು. "ಮಷೀನು ಕೆಟ್ಟಿದೆ, ಸಂಜೆ ಬನ್ನಿ" ಎಂದಳು. ಕೆಟ್ಟಿರಲಿಲ್ಲ. ಹಾಕು ಎಂದು ನಾನೇ ಹೇಳಿದೆ.

ಪರದೆಯ ಮೇಲೆ ನನ್ನ ಹಿಮ ಬಂತು. ಮಾನ್ಲಿಯೋ ಚೀರಿದ.

"ಇದೇನಿದು! ನೀಲಿ! ಎಲ್ರೂ ಮುಳುಗಿ ಸತ್ತ ಹೆಣಗಳ ಹಾಗಿದಾರೆ! ಇದನ್ನ ಯಾರು ಹೀಗೆ ಮಾಡಿದ್ದು?"

ಲ್ಯಾಬಿನ ಮುಖ್ಯಸ್ಥ ಓಡಿಬಂದ. ದೀಪ ಹಾಕಿದರು. ಮಾನ್ಲಿಯೋ ನನ್ನ ಕಡೆ ತಿರುಗಿ, "ಇದು ನೀವು ಹೇಳಿ ಮಾಡಿಸಿದ್ದಾ ಮೇಷ್ಟ್ರೇ?" ಎಂದು ಕೇಳಿದ.

ಇಯೋಲೆ ನನ್ನನ್ನು ನೋಡಲಿಲ್ಲ. ತನ್ನ ಕೈಯನ್ನೇ ನೋಡುತ್ತಿದ್ದಳು.

"ಅಲ್ಲ," ಎಂದೆ. "ಅವಳನ್ನ ಕೇಳಿ."

ನೀಲಿ ಕೇಳಿದ್ದು ನಾನೇ, ಹೌದು. ಆದರೆ ಹೆಣ ಮಾಡು ಎಂದಿರಲಿಲ್ಲವಲ್ಲ? ನನ್ನ ಕಣ್ಣಿಗೆ ಅದು ಹೆಣದ ಹಾಗೆ ಕಾಣಲೇ ಇಲ್ಲ, ಅದು ಬೇರೆ ಮಾತು. ಮಾನ್ಲಿಯೋ ಉತ್ಪ್ರೇಕ್ಷೆಯ ಮನುಷ್ಯ. ಆದರೂ ಮುಖ್ಯಸ್ಥನೂ ಅದನ್ನೇ ಅಂದ. ಬೈಗುಳಕ್ಕೆ ಸೇಡು ತೀರಿಸಿಕೊಳ್ಳಲು ಅವಳು ಬೇಕೆಂದೇ ಮಿತಿಮೀರಿ ಸುರಿದಿರಬೇಕು. ಇಷ್ಟಾದರೂ ಅವಳು ಬಾಯಿ ಬಿಡಲಿಲ್ಲ. ತಪ್ಪಿಲ್ಲದಿದ್ದರೆ ಬಿಡುತ್ತಿದ್ದಳು.

ನವೆಂಬರ್ 20, ಸೋಮವಾರ

ಏಳಕ್ಕೆ ಫೋನ್ ಬಂತು, ಗಂಡಸಿನ ದನಿ. ಅಂಕಿ ಹೇಳುವ ಮೊದಲು ನಮಸ್ಕಾರ, ಹವಾಮಾನ, ದೀನಾಳ ಆರೋಗ್ಯ. ಇಯೋಲೆಯನ್ನು ನೆಲಮಾಳಿಗೆಯ ಉಗ್ರಾಣಕ್ಕೆ ಹಾಕಿದ್ದಾರಂತೆ, ಖಾಲಿ ಡಬ್ಬಿ ಜೋಡಿಸುವುದಕ್ಕೆ.

ಎಂಟಕ್ಕೆ ಹೋಗಿ ನೋಡಿದೆ. ಮತ್ತೆ ಹಳದಿ.

ನವೆಂಬರ್ 23, ಗುರುವಾರ

ಹಳದಿ. ಕೇಳಿದರೆ ಹೊಸಬ, "ನಿರ್ದೇಶಕರಿಗೆ ಇದೇ ಇಷ್ಟ" ಎನ್ನುತ್ತಾನೆ. ಬೆಳಿಗ್ಗೆ ಏಳಕ್ಕೆ ಫೋನ್ ಎತ್ತುವುದನ್ನೇ ಬಿಟ್ಟಿದ್ದೇನೆ. ದೀನಾ ಎತ್ತುತ್ತಾಳೆ.

ಡಿಸೆಂಬರ್ 1, ಶುಕ್ರವಾರ

ಶೂಟಿಂಗ್ ಮುಗಿಯಿತು. ಸೆಟ್ಟಿನಲ್ಲೇ ವೈನ್ ಹಂಚಿದರು. ಮಾರ್ಚ್‌ನಲ್ಲಿ ಸ್ಪೇನ್‌ಗೆ ಹೋಗಬೇಕು, ಮರುಭೂಮಿಯಲ್ಲಿ ತೆಗೆಯುವ ದೊಡ್ಡ ಚಿತ್ರ. ವಿಮೆಯವರಿಗೆ ಕಣ್ಣಿನ ಪ್ರಮಾಣಪತ್ರ ಬೇಕು. ನಮ್ಮ ಡಾಕ್ಟರು ಪ್ರತಿವರ್ಷ ಊಟಕ್ಕೆ ಕೂತಾಗ ನನ್ನ ಕಣ್ಣನ್ನೂ ನೋಡದೆ ಸಹಿ ಹಾಕಿಕೊಡುತ್ತಾರೆ.

ಇದನ್ನು ಫ್ಯೂರಿಯೊಗೆ ಹೇಳುತ್ತಿದ್ದೆ. ಅವನು ಲೋಟ ಕೆಳಗಿಟ್ಟ.

"ಸ್ಪೇನ್‌ಗೆ ನಾನು ಬರಲ್ಲ ಮೇಷ್ಟ್ರೇ. ಇಲ್ಲಾದ್ರೆ ನಾವಿದ್ವಿ. ಅಲ್ಲಿ ನಿಮ್ಮನ್ನ ಯಾರು ಕಾಯ್ತಾರೆ?"

"ಏನು ಕಾಯೋದು?"

ಆಗ ಎಲ್ಲ ಹೇಳಿದ. ನಾಲ್ಕನೇ ಸಲ ಗೋಡೆಗೆ ಯಾರೂ ಸುಣ್ಣವನ್ನೇ ಬಳಿದಿರಲಿಲ್ಲವಂತೆ. ಬಣ್ಣದವನು ಏಣಿಯನ್ನು ಅಲ್ಲಿಂದಿಲ್ಲಿಗೆ ಸರಿಸಿದನಂತೆ, ಅಷ್ಟೇ. ನಾನು ಮನೆಯಿಂದ ತಂದ ಹೊದಿಕೆಗಳನ್ನು ಪೆಟ್ಟಿಗೆಯಲ್ಲಿಟ್ಟು ಬೇರೆಯದನ್ನು ಕಟ್ಟುತ್ತಿದ್ದರಂತೆ. ಇಯೋಲೆ ದಿನವೂ ಎರಡು ಪ್ರಿಂಟ್ ಹಾಕುತ್ತಿದ್ದಳಂತೆ. ಬೆಳಿಗ್ಗೆ ನನಗೊಂದು, ಸಂಜೆ ಉಳಿದವರಿಗೊಂದು. ನನಗೆ ಫೋನಿನಲ್ಲಿ ಹೇಳುತ್ತಿದ್ದ ಅಂಕಿಗಳೂ ಸುಳ್ಳು. ಇದೊಂದೇ ಚಿತ್ರವಲ್ಲ, ಹೋದ ವರ್ಷದ್ದರಲ್ಲೂ ಗೋಡೆಗೆ ಹೀಗೇ ಮಾಡಿದ್ದರಂತೆ.

"ಯಾಕೆ?"

"ನಿಮಗೆ ಬಿಳಿ ಕಾಣ್ತಿಲ್ಲ ಮೇಷ್ಟ್ರೇ. ಕಣ್ಣಲ್ಲಿ ಪೊರೆ ಬಂದಿದೆ. ನನ್ನ ಸೋದರಮಾವಂಗೂ ಹೀಗೇ ಆಗಿತ್ತು, ಮೀನೆಲ್ಲ ಕೊಳೆತಿದೆ ಅಂತ ಮಾರ್ಕೆಟ್ಟಲ್ಲಿ ಜಗಳ ಆಡ್ತಿದ್ದ."

ಅವನ ಮುಖಕ್ಕೆ ವೈನ್ ಎರಚಿ ಮನೆಗೆ ಬಂದೆ. ಇಪ್ಪತ್ತೆರಡು ವರ್ಷ ಜೊತೆಗಿದ್ದವನು. ಒಂದು ಇಡೀ ಘಟಕ ಸೇರಿಕೊಂಡು ನನ್ನನ್ನು ಮಗುವಿನಂತೆ ಆಡಿಸಿದೆ. ಸುಣ್ಣದವನೂ ಒಳಗೊಳಗೇ ನಕ್ಕಿರುತ್ತಾನೆ.

ಡಿಸೆಂಬರ್ 3, ಭಾನುವಾರ

ದೀನಾ ಕಿಟಕಿಯ ಬಳಿ ಮೇಜಿನ ಮೇಲೆ ಎರಡು ಕರವಸ್ತ್ರ ಹಾಸಿದಳು. "ಒಂದು ಹೊಸದು. ಇನ್ನೊಂದು ನಮ್ಮಪ್ಪಂದು, ಪೆಟ್ಟಿಗೇಲಿದ್ದು ಕೆನೆ ಬಣ್ಣಕ್ಕೆ ತಿರುಗಿರೋದು. ಯಾವ್ದು ಯಾವ್ದು ಹೇಳು."

ಹೊರಗೆ ಒಳ್ಳೆಯ ಬಿಸಿಲಿತ್ತು. ಬಹಳ ಹೊತ್ತು ನೋಡಿದೆ. ಮುಟ್ಟಿ ನೋಡಲು ಕೈ ಚಾಚಿದೆ, ಅವಳು ಕೈ ಹಿಡಿದುಕೊಂಡಳು.

ಎರಡೂ ಒಂದೇ.

ಜನವರಿ 16, 1979, ಮಂಗಳವಾರ

ಇವತ್ತು ಬಲಗಣ್ಣಿನ ಪೊರೆ ತೆಗೆದರು. ಎಡಗಣ್ಣು ಮಾರ್ಚ್ ಆರಕ್ಕೆ. ಸ್ಪೇನಿನವರಿಗೆ ದೀನಾ ಏನೋ ಜ್ವರ ಎಂದು ಹೇಳಿದ್ದಾಳೆ. ಆಸ್ಪತ್ರೆಯ ಸೂಪು ನಾರುತ್ತದೆ. ಪಕ್ಕದ ಹಾಸಿಗೆಯವನು ಇಡೀ ದಿನ ಫುಟ್‌ಬಾಲ್ ಮಾತಾಡುತ್ತಾನೆ. ಪಟ್ಟಿಯ ಕೆಳಗಿನಿಂದ ಅಂದಾಜಿನ ಮೇಲೆ ಬರೆಯುತ್ತಿದ್ದೇನೆ, ಸಾಲು ಏರಿಳಿದಿರಬಹುದು.

ಜನವರಿ 27, ಶನಿವಾರ

ಬಲಗಣ್ಣಿಗೆ ಬಾಟಲಿಯ ತಳದಂಥ ಗಾಜು ಕೊಟ್ಟಿದ್ದಾರೆ. ಎರಡೂ ಕಣ್ಣು ತೆರೆದರೆ ಎಲ್ಲ ಎರಡೆರಡು, ಒಂದನ್ನು ಮುಚ್ಚಿಕೊಳ್ಳಬೇಕು.

ಮನೆಗೆ ಬಂದೆ. ಮಲಗುವ ಕೋಣೆಗೆ ಹೋಗಿ ನೋಡಿದರೆ ಮಂಚದ ಮೇಲಿನ ಹೊದಿಕೆ ನೀಲಿ. ತಿಳಿನೀಲಿಯಲ್ಲ, ಗಾಢ ನೀಲಿ. ಮೂರು ತಿಂಗಳಿಂದ ಅದರ ಮೇಲೆ ಮಲಗಿ, ಈಗ ಬೆಳ್ಳಗಾಯಿತು ಎಂದು ಬರೆದುಕೊಂಡಿದ್ದೇನೆ.

"ನೀಲಿ ಹಾಕು ಅಂದೆ, ಹಾಕ್ದೆ," ಎಂದಳು ದೀನಾ. "ದಿನಾ ಒಂದೊಂದು ಚಮಚ ಜಾಸ್ತಿ. ಒಂದಿನ ನೀನು ಬಾಯಿ ಮುಚ್ಚಿದೆ. ಅಲ್ಲಿಗೇ ನಿಲ್ಸಿದೆ."

ನಗು ಬಂತು. ಅವಳ ಕೈ ನೋಡುವವರೆಗೆ ನಗುತ್ತಿದ್ದೆ. ಬೆರಳ ಸಂದಿನಲ್ಲೆಲ್ಲ ಕೆಂಪಗೆ ಬಿರುಕು, ಉಗುರಿನ ಸುತ್ತ ಸಿಪ್ಪೆ ಎದ್ದಿದೆ, ಚರ್ಮದ ಗೆರೆಗಳಲ್ಲಿ ನೀಲಿ ನಿಂತುಬಿಟ್ಟಿದೆ. ಇದು ಯಾವಾಗ ಆಯಿತು ಎಂದು ಕೇಳಿದೆ. ನೀನು ಬ್ಲೀಚ್ ಹಾಕು ಅಂದಾಗಿನಿಂದ ಎಂದಳು.

ನನ್ನ ಬಗ್ಗೆ ನನಗೇ ಹೇಸಿಗೆಯಾಯಿತು. ಇದನ್ನು ಇನ್ನೂ ಚೆನ್ನಾಗಿ ಬರೆಯಲು ಬರುವುದಿಲ್ಲ.

ಜನವರಿ 28, ಭಾನುವಾರ

'ಅವಳನ್ನ ಕೇಳಿ' ಎಂದಿದ್ದೆ. ನವೆಂಬರ್ ಹದಿನೇಳರ ಪುಟ ತೆಗೆದು ನೋಡಿದೆ, ನನ್ನ ಕೈಬರಹದಲ್ಲೇ ಇದೆ.

ಫೆಬ್ರುವರಿ 1, ಗುರುವಾರ

ಲ್ಯಾಬಿಗೆ ಹೋದೆ. ಮಾನ್ಲಿಯೋ ಮತ್ತು ಆ ಹೊಸಬ ಕೊನೆಯ ಪ್ರಿಂಟಿಗೆ ಬಣ್ಣ ಹೊಂದಿಸುತ್ತ ಕೂತಿದ್ದರು. ಬಲಗಣ್ಣಲ್ಲಿ ನೋಡಿದೆ. ಗೋಡೆ, ಹಾಸಿಗೆ, ಸನ್ಯಾಸಿನಿ, ಎಲ್ಲಕ್ಕೂ ಒಂದೇ ಸುಣ್ಣ. ಅಂಚೆ ಕಚೇರಿಯ ಹಾಗಿತ್ತು.

ಮುಖ್ಯಸ್ಥನನ್ನು ಕರೆಸಿದೆ. ನಿಂತುಕೊಂಡೇ ಹೇಳಿದೆ. ನೀಲಿ ಕೇಳಿದ್ದು ನಾನು, ದಿನವೂ ಕೇಳಿದೆ, ನನಗೆ ಕಣ್ಣು ಕಾಣುತ್ತಿರಲಿಲ್ಲ, ಅವಳು ನಿಮ್ಮ ಚಿತ್ರವನ್ನೂ ನನ್ನ ಮಾನವನ್ನೂ ಉಳಿಸಿದಳು, ನಾನು ಅವಳನ್ನು ಉಗ್ರಾಣಕ್ಕೆ ತಳ್ಳಿದೆ.

ಮಾನ್ಲಿಯೋ ಎದ್ದು ಬಾಗಿಲು ಹಾಕಿದ. "ಮೇಷ್ಟ್ರೇ, ಮೆತ್ತಗೆ! ಸ್ಪೇನ್‌ನೋರಿಗೆ ಗೊತ್ತಾದ್ರೆ? ವಿಮೆಯೋರು ನಿಮ್ಮನ್ನ ಮತ್ತೆ ಯಾವ ಸೆಟ್ಟಿಗೂ ಬಿಡಲ್ಲ."

"ಬಾಗ್ಲು ತೆಗಿ," ಎಂದೆ. "ಅವರೂ ಕೇಳ್ಲಿ."

ಹೊರಗೆ ಮೂವರು ನಿಂತಿದ್ದರು. ಸಂಜೆಯೊಳಗೆ ಇಡೀ ರೋಮ್ ಕೇಳಿರುತ್ತದೆ. ಈ ಊರಿನವರ ಬಾಯಿಯ ಬಗ್ಗೆ ಮೊದಲ ಸಲ ಅಸಹ್ಯವಾಗಲಿಲ್ಲ.

ಫೆಬ್ರುವರಿ 8, ಗುರುವಾರ

ಸ್ಪೇನಿನಿಂದ ತಂತಿ. ವಿಷಾದಿಸುತ್ತಾರಂತೆ. ಫ್ಯೂರಿಯೊ ಬಂದು ಅಡುಗೆಮನೆಯಲ್ಲಿ ಕೂತ. ವೈನ್ ಬಗ್ಗಿಸಿ ಕೊಟ್ಟೆ. "ಈ ಸಲ ಲೋಟದಲ್ಲೇ ಕೊಡ್ತೀರಲ್ಲ, ದೊಡ್ಡ ಉಪಕಾರ" ಎಂದ.

ಇಯೋಲೆ ಸೋಮವಾರದಿಂದ ಮೇಲಿನ ಮಹಡಿಗೆ ಬಂದಿದ್ದಾಳೆ ಎಂದು ಅವನೇ ಹೇಳಿದ. ಫೋನ್ ಮಾಡಲಿಲ್ಲ ಅವಳು. ಯಾಕೆ ಮಾಡುತ್ತಾಳೆ?

ಫೆಬ್ರುವರಿ 14, ಬುಧವಾರ

ಬೆಳಿಗ್ಗೆ ಏಳಕ್ಕೆ ಫೋನ್ ಬಂತು. ಮೂರು ಅಂಕಿ ಹೇಳಿದಳು. ನಾನು ಬರೆದುಕೊಂಡೆ. ಇಡುತ್ತಾಳೆಂದುಕೊಂಡೆ, ಇಡಲಿಲ್ಲ.

"ಇವತ್ತಿನವು ನಿಜವಾದವು," ಎಂದಳು. "ಬಂದು ನೋಡಿ."

ಎಂಟಕ್ಕೆ ಹೋದೆ. ಕೊನೆಯ ಪ್ರಿಂಟಿನ ಮೊದಲ ರೀಲು ಹಾಕಿದಳು. ಬಲಗಣ್ಣಲ್ಲಿ ನೋಡಿದೆ. ಗೋಡೆ ಬೇರೆ, ಬಟ್ಟೆ ಬೇರೆ, ಹಾಲು ಬೇರೆ. ನಾನು ಕಾಣದೆ ತೆಗೆದದ್ದನ್ನೆಲ್ಲ ಅವಳು ಹುಡುಕಿ ತೆಗೆದಿದ್ದಳು. ಚೆನ್ನಾಗಿದೆ ಎಂದೆ. ಹತ್ತೊಂಬತ್ತು ವರ್ಷದಲ್ಲಿ ಆ ಮಾತು ಹೇಳಿದ್ದೆನೋ ಇಲ್ಲವೋ ನೆನಪಿಲ್ಲ. ಹೇಳಿಲ್ಲ ಎಂದಳು ಅವಳು.

ಆಮೇಲೆ ಉಗ್ರಾಣದಿಂದ ತಂದಿಟ್ಟಿದ್ದ ಬೇರೆ ಡಬ್ಬಿಗಳನ್ನು ತೋರಿಸಿದಳು. ಒಂದೊಂದರ ಮೇಲೂ ಅವಳ ದುಂಡನೆಯ ಅಕ್ಷರದಲ್ಲಿ 'ಎರ್ಮೆಸ್‌ಗೆ' ಎಂದಿತ್ತು. "ಇವನ್ನ ಸುಡೋಕೆ ಹೇಳಿದಾರೆ. ಒಂದ್ಸಲ ನೋಡ್ತೀರಾ?"

ಹಾಕಿದಳು. ಬಲಗಣ್ಣಲ್ಲಿ ಮುಳುಗಿ ಸತ್ತ ಹೆಂಗಸರು, ನೀಲಿ ತುಟಿ, ನೀಲಿ ಕೈ. ಮಾನ್ಲಿಯೋ ಸುಳ್ಳು ಹೇಳಿರಲಿಲ್ಲ. ನೋಡಲಾಗದೆ ಆ ಕಣ್ಣನ್ನು ಅಂಗೈಯಿಂದ ಮುಚ್ಚಿ, ಇನ್ನೂ ಪೊರೆಯಿರುವ ಎಡಗಣ್ಣನ್ನು ತೆರೆದೆ.

ಹಿಮ. ನವೆಂಬರ್ ಎಂಟರಂದು ನೋಡಿದ ಅದೇ ಹಿಮ. ನೀರಿನ ಮೇಲಿನ ಮಂಜು ಬೇರೆ, ಹುಲ್ಲಿನ ಮೇಲಿನದು ಬೇರೆ. ನನ್ನ ಕಣ್ಣಿನ ಕೊಳೆಯನ್ನು ಅಳೆದು, ಅದು ಎಷ್ಟಿತ್ತೋ ಸರಿಯಾಗಿ ಅಷ್ಟನ್ನೇ ಅವಳು ತೊಳೆದಿದ್ದಳು. ಅವಳ ಕಣ್ಣಿಗೆ ಹೆಣಗಳಾಗಿ ಕಾಣುತ್ತಿದ್ದದ್ದನ್ನು ದಿನವೂ ಕೂತು ನನಗಾಗಿ ಮಾಡಿದ್ದಳು, ಬೈಸಿಕೊಂಡು.

"ಹೇಗಿದೆ?" ಎಂದು ಕೇಳಿದಳು.

ಕೈ ತೆಗೆಯದೆ, "ಬಿಳಿ" ಎಂದೆ.

ಇನ್ನೂ ಹತ್ತು ಡಬ್ಬಿಗಳಿವೆ. ಮಾರ್ಚ್ ಆರಕ್ಕೆ ಎಡಗಣ್ಣು ಮಾಡಿಸಿಕೊಂಡ ಮೇಲೆ ಅವನ್ನು ಬಿಳಿಯಾಗಿ ನೋಡಬಲ್ಲವರು ಯಾರೂ ಉಳಿಯುವುದಿಲ್ಲ. ಅಷ್ಟರೊಳಗೆ ದಿನಕ್ಕೊಂದು ನೋಡಿ ಮುಗಿಸೋಣ ಎಂದಳು ಇಯೋಲೆ. ನಾಳೆ ಎಂಟಕ್ಕೆ ಬರುತ್ತೇನೆಂದೆ. ಲ್ಯಾಬಿನ ಕಾಫಿ ಮಾತ್ರ ಈಗಲೂ ಬಚ್ಚಲ ನೀರೇ.